ಗವಿಯೊಳಗಿನ ಹೂಂ

ಹೂಂ ಅಂತಿರಬೇಕು ಮರಿ. ನಿನ್ನ ಹೂಂ ನಿಂತರೆ ನನ್ನ ಕತೆನೂ ನಿಲ್ಲುತ್ತೆ, ಗೊತ್ತಲ್ಲ?

ಒಂದಾನೊಂದು ಕಾಲದಲ್ಲಿ, ಇವತ್ತು ನೀನು ಟಿಕೆಟ್ಟು ತಗೊಂಡು ಒಳಗೆ ಹೋಗಿ ಬಂದೆಯಲ್ಲ, ಆ ಗವಿಗೆ ಇನ್ನೂ ಹೆಸರೇ ಇಲ್ಲದ ಕಾಲದಲ್ಲಿ, ಅಲ್ಲಿ ಕೆಂಪು ದೀಪ ಹಸಿರು ದೀಪ ಯಾವುದೂ ಇರಲಿಲ್ಲವಂತೆ. ಬರೀ ಕತ್ತಲು, ಆ ಕತ್ತಲಲ್ಲಿ ಟಪ್ ಟಪ್ ಅಂತ ನೀರು ತೊಟ್ಟಿಕ್ಕೋದು. ಹನಿ ಬಿದ್ದ ಹಾಗೆಲ್ಲ ಮೇಲಿಂದ ಒಂದು ಕಲ್ಲು ಹಸುವಿನ ಮೊಲೆ ಥರ ಇಳಿಯೋದಂತೆ, ಅದರ ನೇರಕ್ಕೆ ಕೆಳಗಿಂದ ಇನ್ನೊಂದು ಕಲ್ಲು ಹುತ್ತದ ಥರ ಏಳೋದಂತೆ.

ಆ ಗುಡ್ಡದ ಬುಡದಲ್ಲಿ ಒಬ್ಬ ಗಂಡ, ಒಬ್ಬಳು ಹೆಂಡತಿ ಇದ್ದರಂತೆ. ಕಲ್ಲು ಒಡೆದು ತಂದು, ಗೂಡಿಗೆ ಹಾಕಿ ಸುಟ್ಟು, ಸುಣ್ಣ ಮಾಡೋದು ಅವರ ಕಸುಬು. ಅವಳ ಹೆಸರು ದುಗ್ಗಮ್ಮ. ಅವನ ಹೆಸರು... ಅವನ ಹೆಸರು ನಿನ್ನ ಹೆಸರೇ ಕಣೋ, ನಿಮ್ಮ ತಾತಂದೂ ಅದೇ. ನಾನು ಹೇಳೋ ಹಾಗಿಲ್ಲ. ಗಂಡನ ಹೆಸರು ಹೆಂಡತಿ ಬಾಯಲ್ಲಿ ಬಂದರೆ ಅವನ ಆಯಸ್ಸು ಸವೆಯುತ್ತೆ ಅಂತ ನಮ್ಮಮ್ಮ ನನಗೆ ಹೇಳಿದ್ದು, ಅವರಮ್ಮ ಅವರಿಗೆ ಹೇಳಿದ್ದು. ನಿಮ್ಮಪ್ಪ ಲೋಕದಲ್ಲಿ ಬೇರೆ ಹೆಸರೇ ಸಿಗದೋನ ಹಾಗೆ ಅದನ್ನೇ ತಂದು ನಿನಗಿಟ್ಟ. ನನ್ನ ಬಾಯಿಗೆ ಬೀಗ ಬಿತ್ತು, ನೀನು ನನಗೆ ಮರಿ ಆಗಿಬಿಟ್ಟೆ. ಕತೆಯಲ್ಲಿ ಅವನನ್ನ ಸುಣ್ಣದವನು ಅಂತೀನಿ, ಆಯ್ತಾ? ಹೂಂ ಅನ್ನು.

ಆ ಸುಣ್ಣದವನಿಗೆ ಒಂದೇ ಒಂದು ಆಸೆ ಇತ್ತಂತೆ. ದಿನಾ ಸಂಜೆ ಗೂಡಿಗೆ ಬೆಂಕಿ ಕೊಟ್ಟು ಕೂತಾಗ, ದುಗ್ಗೀ, ಒಂದು ಸಲ ನನ್ನ ಹೆಸರು ಹಿಡಿದು ಕರಿಯೇ, ನಮ್ಮವ್ವ ಹೋದ ಮೇಲೆ ಆ ಹೆಸರನ್ನ ಪ್ರೀತಿಯಿಂದ ಕರೆದವರೇ ಇಲ್ಲ, ಊರಿಗೆಲ್ಲ ನಾನು ಸುಣ್ಣದವನು, ನಿನಗೆ ನಾನು ಏನೂಂದ್ರೆ, ಕೇಳಬೇಕು ಅನ್ನಿಸ್ತದೆ ಕಣೇ ಅನ್ನೋನಂತೆ. ಥೂ, ನಾಚಿಕೆ ಇಲ್ವಾ ನಿಮಗೆ, ಕರೆದರೆ ನಿಮಗೇ ಕೇಡು ಅಂತ ಅವಳು ಸೆರಗು ಬಾಯಿಗೆ ಅಡ್ಡ ಹಿಡಕೊಂಡು ಒಳಗೆ ಓಡೋಳಂತೆ. ಅವನು ನಗೋನು, ನಾಳೆ ಮತ್ತೆ ಕೇಳೋನು.

ಆಮೇಲೆ ಒಂದು ವರ್ಷ ದೀಪಾವಳಿ ಹತ್ರ ಬಂತಂತೆ. ಮಾಡಿದ ಸುಣ್ಣವೆಲ್ಲ ಊರವರ ಮನೆಗೆ ಹೋಗಿತ್ತು. ದುಗ್ಗಮ್ಮ ತನ್ನ ಮನೆಗೆ ಬಳಿಯೋಕೆ ನಿಂತರೆ ಅರ್ಧ ಗೋಡೆಗೇ ಮುಗಿದುಹೋಯ್ತಂತೆ. ಸುಣ್ಣ ಸುಡೋರ ಮನೆ ಗೋಡೆನೇ ಅರ್ಧ ಕರಿ ಅರ್ಧ ಬಿಳಿ ಇದ್ರೆ ಜನ ನಗಲ್ವಾ, ಗವಿಯೊಳಗಿನ ಕಲ್ಲು ಹಾಲಿನ ಹಾಗೆ ಇರುತ್ತಂತಲ್ಲ, ಒಂದು ಬುಟ್ಟಿ ತರಬಾರದಾ ಅಂದಳಂತೆ. ಅವನು ಹಾರೆ, ಬುಟ್ಟಿ ತಗೊಂಡು ಹೋದ. ಹೋದೋನು ಅವತ್ತು ಬರಲಿಲ್ಲ, ಮಾರನೇ ದಿನ ಬರಲಿಲ್ಲ, ಹಬ್ಬಕ್ಕೂ ಬರಲಿಲ್ಲವಂತೆ.

ಊರವರು ಹುಡುಕಿ ಹುಡುಕಿ ಕೈಬಿಟ್ಟರು, ದುಗ್ಗಮ್ಮ ಬಿಡಲಿಲ್ಲ. ದಿನಾ ಅವನ ತಟ್ಟೆಗೆ ಬಿಸಿ ಮುದ್ದೆ ಇಟ್ಟು ಬಾಗಿಲ ಕಡೆ ನೋಡ್ತಾ ಕೂರೋಳಂತೆ. ಮುದ್ದೆ ಆರಿ ಕಲ್ಲಾಗೋದು, ನಾಯಿಗೆ ಹಾಕೋಳು. ಅಕ್ಕಪಕ್ಕದವರು ಆ ಗೋಡೆ ನಾವು ಬಳೀತೀವಿ ಬಿಡಮ್ಮ ಅಂದರೆ, ಬೇಡ, ಆ ಅರ್ಧ ಅವರದು, ಅವರೇ ಬಂದು ಬಳೀತಾರೆ ಅನ್ನೋಳು. ನಾನೇ ಕಳಿಸಿದೆನಲ್ಲ, ನಾನೇ ಕಳಿಸಿದೆನಲ್ಲ ಅಂತ ಒಬ್ಬಳೇ ಅಳೋಳಂತೆ.

ಆಮೇಲೆ ಒಂದಿನ ಹಣತೆಗೆ ಹರಳೆಣ್ಣೆ ಹಾಕಿಕೊಂಡು ತಾನೇ ಹೊರಟಳಂತೆ. ಒಳಗೆ ದಾರಿ ತಪ್ಪಬಾರದು ಅಂತ ಕಂಡ ಕಂಡ ಕಲ್ಲಿಗೆ ಒಂದೊಂದು ಹೆಸರಿಟ್ಟುಕೊಂಡು ಹೋದಳಂತೆ. ಇದು ಆನೆ ಸೊಂಡಿಲು, ಇಲ್ಲಿ ಎಡಕ್ಕೆ ತಿರುಗಬೇಕು. ಇದು ತೊಟ್ಟಿಲು, ಇಲ್ಲಿ ತಲೆ ಬಗ್ಗಿಸಬೇಕು. ಇದು ಮಜ್ಜಿಗೆ ಕಡೆಯೋ ಕಂಬ, ಇಲ್ಲಿ ಕಾಲು ಜಾರುತ್ತೆ. ಇವತ್ತು ಆ ಗೈಡು ಟಾರ್ಚು ಬಿಟ್ಟು ಬಿಟ್ಟು ಅದನ್ನೇ ತಾನೇ ಒಪ್ಪಿಸಿದ್ದು? ಯಾರಪ್ಪಾ ಹೆಸರಿಟ್ಟಿದ್ದು ಅಂದರೆ ಹಿಂದಿನಿಂದ ಬಂದಿದೆ ಅಜ್ಜಿ ಅಂತಾನೆ. ಗಂಡನ್ನ ಹುಡುಕ್ತಾ ಹೋದೋಳು ಇಟ್ಟ ಹೆಸರು ಕಣೋ ಅವು. ಕಂಡದ್ದಕ್ಕೆಲ್ಲ ಹೆಸರಿಟ್ಟಳು, ಹುಡುಕ್ತಿದ್ದವನ ಹೆಸರು ಮಾತ್ರ ಬಾಯಿಗೆ ಬರಲಿಲ್ಲ.

ಆಮೇಲೆ ತೀರಾ ಒಳಗೆ ಒಂದು ದೊಡ್ಡ ಅಂಗಳದಂಥ ಜಾಗ ಸಿಕ್ತಂತೆ. ಸುತ್ತ ನೂರಾರು ಕಲ್ಲು, ಒಂದೊಂದೂ ಮನುಷ್ಯ ಕುಕ್ಕರಗಾಲಲ್ಲಿ ಕೂತ ಹಾಗೆ. ನಡುವೆ ಒಬ್ಬಳು ಮುದುಕಿ, ಗವಿಯಮ್ಮ ಅಂತ, ಅವಳ ಕೂದಲಿಂದಲೂ ನೀರು ತೊಟ್ಟಿಕ್ತಾ ಇತ್ತಂತೆ. ದುಗ್ಗಮ್ಮ ಪಕ್ಕದ ಮೋಟುಗಲ್ಲಿನ ಮೇಲೆ ಹಣತೆ ಇಟ್ಟು ಕೈಮುಗಿದಳಂತೆ. ಗವಿಯಮ್ಮ ಅಂದಳಂತೆ, ನಿನ್ನ ಗಂಡ ಇಲ್ಲೇ ಇದ್ದಾನೆ, ದಣಿದು ಕೂತ, ಕೂತಲ್ಲೇ ನಿದ್ದೆ ಹೋದ, ಇಲ್ಲಿ ನಿದ್ದೆ ಹೋದವರ ಮೇಲೆ ಹನಿ ಬಿದ್ದು ಕಲ್ಲು ಕಟ್ಟುತ್ತೆ. ಮೂರು ಸಲ ಬಾ, ಬಂದಾಗ ಒಂದೊಂದೇ ಸಲ ಕರಿ. ತನ್ನನ್ನೇ ಕರೀತಿದ್ದಾರೆ ಅಂತ ಗೊತ್ತಾದರೆ ಹೂಂ ಅಂತಾನೆ, ಕರ್ಕೊಂಡು ಹೋಗು. ಮೂರನೇ ಸಲವೂ ಅನ್ನದಿದ್ದರೆ ಅವನ ಬಾಯಿ ಮೇಲೂ ಕಲ್ಲು ಬೆಳೆಯುತ್ತೆ, ಆಮೇಲೆ ಅವನು ನನ್ನವನು.

ದುಗ್ಗಮ್ಮ ಗಂಟಲು ಸರಿಮಾಡಿಕೊಂಡು, ಏನೂಂದ್ರೇ, ನಾನು ಬಂದಿದೀನಿ ಅಂತ ಕೂಗಿದಳಂತೆ. ಏನೂಂದ್ರೇ ಏನೂಂದ್ರೇ ಅಂತ ಗವಿಯೆಲ್ಲ ಕೂಗಿತಂತೆ, ಒಂದು ಕಲ್ಲೂ ಹೂಂ ಅನ್ನಲಿಲ್ಲ. ಗವಿಯಮ್ಮ ಹಲ್ಲಿಲ್ಲದ ಬಾಯಲ್ಲಿ ನಕ್ಕು, ಏನೂಂದ್ರೆ ಅಂದ್ರೆ ಯಾರೇ ತಾಯಿ, ಮದುವೆಯಾದ ಗಂಡಸರೆಲ್ಲ ಏನೂಂದ್ರೆನೇ ಅಲ್ವಾ, ಇವರಲ್ಲಿ ಯಾರು ತಾನೇ ಏಳಬೇಕು ಅಂದಳಂತೆ. ದುಗ್ಗಮ್ಮ ತೊಟ್ಟಿಲು ದಾಟಿ, ಆನೆ ಸೊಂಡಿಲು ದಾಟಿ, ಬರಿಗೈಲಿ ಮನೆಗೆ ಬಂದಳು.

ಹೆಸರು ತಾನೇ ಬೇಕಾದ್ದು, ನಾನು ಹೇಳಬಾರದು, ಬೇರೆಯವರು ಹೇಳಬಹುದಲ್ಲ ಅಂತ ಆಮೇಲೆ ಅವಳಿಗೆ ಹೊಳೀತಂತೆ. ಯುಗಾದಿ ಕಳೆದ ಮೇಲೆ ಗಂಡನ ಅಣ್ಣ, ಅಂದ್ರೆ ಅವಳ ಭಾವನ್ನ ಕರ್ಕೊಂಡು ಎರಡನೇ ಸಲ ಹೋದಳಂತೆ. ಅದೇ ಮೋಟುಗಲ್ಲಿನ ಮೇಲೆ ಹಣತೆ ಇಟ್ಟಳು. ಭಾವ ಎದೆಯುಬ್ಬಿಸಿ ತಮ್ಮನ ಹೆಸರು ಹಿಡಿದು ಕೂಗಿದನಂತೆ. ಬಾವಲಿಗಳೆಲ್ಲ ಎದ್ದು ಹಾರಿದವು, ಹೂಂ ಮಾತ್ರ ಬರಲಿಲ್ಲ. ಆ ಹೆಸರಿನವರು ನಿಮ್ಮೂರಲ್ಲೇ ಆರು ಜನ ಇದ್ದಾರೆ, ಇವನೋ ಹೊಲಕ್ಕೆ ದನ ನುಗ್ಗಿದಾಗ ಕೂಗೋ ಹಾಗೆ ಕೂಗಿದ, ನಿನ್ನ ಗಂಡ ಕಾಯ್ತಿರೋ ಬಾಯಿ ಅದಲ್ಲ ಅಂದಳಂತೆ ಗವಿಯಮ್ಮ.

ಹೂಂ ಅನ್ನು ಮರಿ, ಇನ್ನೇನು ಒಂದೇ ಸಲ ಉಳಿದಿರೋದು.

ಆಮೇಲೆ ದುಗ್ಗಮ್ಮನಿಗೆ ಊಟ ಸೇರಲಿಲ್ಲವಂತೆ. ಕರೆದರೆ ಅವನ ಆಯಸ್ಸು ಸವೆಯುತ್ತೆ, ಕರೆಯದಿದ್ದರೆ ಅವನು ಕಲ್ಲಾಗ್ತಾನೆ. ತಣ್ಣಗಾದ ಸುಣ್ಣದ ಗೂಡಿನ ಮುಂದೆ ಕೂತು, ಅವನು ಕೂರ್ತಿದ್ದ ಜಾಗ ನೋಡಿಕೊಂಡು ಹೆಸರು ಹೇಳಿ ನೋಡೋಳಂತೆ. ಮೊದಲಕ್ಷರ ಬರೋದು, ಅಷ್ಟಕ್ಕೇ ಸೆರಗು ಬಾಯಿಗೆ ಅಡ್ಡ ಬರೋದು. ಎಷ್ಟು ಸಂಜೆ ಕೇಳಿದನಲ್ಲ ಪಾಪ, ಸೀರೆ ಕೇಳಿದನಾ ಒಡವೆ ಕೇಳಿದನಾ, ಒಂದು ಸಲ ಕರಿ ಅಂದ, ಅಷ್ಟನ್ನೂ ಕೊಡಲಿಲ್ಲವಲ್ಲ ನಾನು ಅಂತ ತನ್ನನ್ನ ತಾನೇ ಬೈಕೊಳ್ಳೋಳಂತೆ. ಕೊನೆಗೆ, ಕಲ್ಲಾಗಿ ಸಾವಿರ ವರ್ಷ ಇರೋದಕ್ಕಿಂತ ಮನುಷ್ಯನಾಗಿ ನಾಲ್ಕು ದಿನ ನನ್ನ ಕಣ್ಣ ಮುಂದೆ ಇರಲಿ ಅಂತ ಗಟ್ಟಿ ಮನಸ್ಸು ಮಾಡಿ ಎದ್ದಳು.

ಮೂರನೇ ಸಲ ಒಬ್ಬಳೇ ಹೋದಳಂತೆ. ಆ ಅಂಗಳ ಮುಟ್ಟಿ, ಅದೇ ಮೋಟುಗಲ್ಲಿನ ಮೇಲೆ ಹಣತೆ ಇಟ್ಟು, ಅದಕ್ಕೇ ಒರಗಿ ಕೂತಳು. ಹೇಳ್ತೀನಿ ಹೇಳ್ತೀನಿ ಅಂತ ಕೂತವಳಿಗೆ ಬಾಯೇ ತೆರೆಯಲಿಲ್ಲ. ಹಣತೆಯ ಎಣ್ಣೆ ತೀರಿತು, ಬತ್ತಿ ಚುರ್ ಅಂದು ಆರಿಹೋಯ್ತಂತೆ. ಅಂಥಾ ಕತ್ತಲಲ್ಲೂ ಅವಳಿಗೆ ನಾಚಿಕೆ ನೋಡು, ಮುಖದ ಮೇಲೆ ಸೆರಗು ಎಳಕೊಂಡಳಂತೆ. ಎಳಕೊಂಡು, ಕರೆದಳಂತೆ. ಜೋರಾಗಲ್ಲ, ಊಟಕ್ಕೆ ಎಬ್ಬಿಸೋರ ಹಾಗೆ ಮೆಲ್ಲಗೆ. ಏನಂತ ಕರೆದಳು ಅಂತ ಕೇಳಬೇಡ, ನಿನಗೆ ಗೊತ್ತಲ್ಲ, ಅವನ ಹೆಸರೇ.

ತೊಟ್ಟಿಕ್ಕೋ ನೀರು ನಿಂತುಹೋಯ್ತಂತೆ. ಆಮೇಲೆ ಅವಳ ಬೆನ್ನ ಹಿಂದೆಯೇ, ಹೂಂ ಅಂತ ಕೇಳಿಸ್ತಂತೆ. ಅವಳು ಮೂರೂ ಸಲ ಹಣತೆ ಇಟ್ಟಿದ್ದು ಅವನ ಹೆಗಲ ಮೇಲೇನೇ! ನೂರು ಕಲ್ಲಿನ ಮುಖ ನೋಡಿದಳು, ದೀಪ ಇಟ್ಟ ಕಲ್ಲನ್ನ ನೋಡಿರಲಿಲ್ಲ. ಸುಣ್ಣದವನು ಮೈ ಕೊಡವಿಕೊಂಡು ಎದ್ದು, ಇನ್ನೊಂದು ಸಲ ಕರಿಯೇ ದುಗ್ಗೀ ಅಂದನಂತೆ. ಮೊದಲು ಮನೆಗೆ ನಡೀರಿ, ಗೋಡೆ ಅರ್ಧ ಹಾಗೇ ಉಳಿದಿದೆ ಅಂತ ಅವಳು ಗದರಿದಳಂತೆ. ಗದರ್ತಾ ಅತ್ತಳಂತೆ. ಗವಿಯಮ್ಮನೂ ಕಣ್ಣೊರೆಸಿಕೊಂಡು ದಾರಿ ಬಿಟ್ಟಳು.

ಆಮೇಲೆ ಅವನು ಆ ಅರ್ಧ ಗೋಡೆ ಬಳಿದ. ಮಕ್ಕಳು ಮೊಮ್ಮಕ್ಕಳನ್ನ ಕಂಡ, ಹಲ್ಲೆಲ್ಲ ಬೀಳೋವರೆಗೂ ಬದುಕಿದ. ಎಡಗಡೆ ಹೆಗಲ ಮೇಲೆ ಹಣತೆಯಗಲ ಬಿಳಿ ಮಚ್ಚೆ ಒಂದು ಉಳೀತಂತೆ, ಅಷ್ಟೇ. ಗವಿಗೆ ಅವನ ಹೆಸರೇ ನಿಂತಿತು, ನಮ್ಮೂರಲ್ಲಿ ಮನೆಗೊಬ್ಬ ಗಂಡಿಗೆ ಆ ಹೆಸರಿಡೋದು ಬಂತು. ಕರೆದಿದ್ದಕ್ಕೆ ಅವನ ಆಯಸ್ಸೇನೂ ಸವೆಯಲಿಲ್ಲವಲ್ಲ, ಆದರೂ ನಾವು ಹೆಂಗಸರು ಕಲೀಲಿಲ್ಲ ನೋಡು. ಕತೆ ಹೇಳ್ತೀವಿ, ಹೆಸರು ಹೇಳಲ್ಲ.

ಮರೀ? ಹೂಂ ನಿಂತುಹೋಗಿದೆಯಲ್ಲ. ನಿದ್ದೆ ಬಂತಾ?

ಬಂದಿದ್ದರೆ ಒಳ್ಳೇದೇ. ನಿಮ್ಮ ತಾತನೂ ಕೊನೇ ದಿನ ಹೀಗೇ ಗೋಡೆ ಕಡೆ ತಿರುಗಿ ಮಲಗಿದ್ರು. ಏನೂಂದ್ರೆ, ಇಲ್ನೋಡಿ, ಏನೂಂದ್ರೆ ಅಂತ ಎಷ್ಟು ಸಲ ಕರೆದೆನೋ. ಕಣ್ಣು ಬಿಡಲಿಲ್ಲ. ಹೆಸರು ಹಿಡಿದು ಕರೆದಿದ್ದರೆ ಒಂದು ಸಲ ಹೂಂ ಅಂತಿದ್ರೇನೋ. ಆಯಸ್ಸು ಸವೆಯುತ್ತೆ ಅಂತ ಹೆದರಿಬಿಟ್ಟೆ, ಸವೆಯೋಕೆ ಅಲ್ಲಿ ಇನ್ನೇನು ಉಳಿದಿತ್ತು ಹೇಳು. ಅವರೂ ಕೇಳಿದ್ರು ಕಣೋ ಒಂದಿನ. ನಾನೂ ಸೆರಗು ಬಾಯಿಗೆ ಅಡ್ಡ ಹಿಡಕೊಂಡು ಒಳಗೆ ಓಡಿದೋಳೇ.

ಹೊನ್ನಯ್ಯಾ...

ಹೂಂ.

ಅಂದೆಯಲ್ಲೋ! ನಿದ್ದೆಗಣ್ಣಲ್ಲೇ ಅಂದುಬಿಟ್ಟೆಯಲ್ಲ. ಏನಿಲ್ಲ, ಸುಮ್ಮನೆ ಕರೆದೆ, ಮಲಕ್ಕೋ ನನ್ನಪ್ಪ. ಈಗ ಮುಗೀತು ಕತೆ.