ಮೊದಲ ಸರದಿಯ ಮರ್ಯಾದೆ

ಇದನ್ನು ನನಗೆ ಮೊದಲು ಹೇಳಿದವಳು ಸೋದರತ್ತೆ ಸರ್ವಮಂಗಳ, ನಡುನಡುವೆ ನಗು ಉಕ್ಕಿ ಕಣ್ಣೊರೆಸಿಕೊಳ್ಳುತ್ತ.

ಹೂ ಮಾರುವ ಹಾಲಮ್ಮ ಮೆಡಿಕಲ್ ಕಾಲೇಜಿನ ಆಸ್ಪತ್ರೆಯಲ್ಲಿ ಕೊಲೊನೋಸ್ಕೋಪಿಗೆ ಕಾಯುತ್ತಿದ್ದಳು. ಮೊದಲ ಸರದಿ ಅವಳದೇ. ಹಿಂದಿನ ದಿನದಿಂದ ಊಟವಿಲ್ಲ, ಭೇದಿ ಔಷಧಿ ಕುಡಿದು ಹೊಟ್ಟೆ ಬರಿದಾಗಿತ್ತು. ಅಷ್ಟರಲ್ಲಿ ಕಾಲೇಜಿನ ಆಡಳಿತ ಮಂಡಳಿಯ ಅಧ್ಯಕ್ಷರಾದ ರುದ್ರಮುನಿಯಪ್ಪನವರು ಬಂದರು.

"ಮೊದಲು ನಾನು. ಕೊಲೊನೋಸ್ಕೋಪಿ ಅಂದ್ರೆ ನಮ್ಮಂಥ ದೊಡ್ಡವರ ಟೆಸ್ಟು. ನೀನು ನಾಳೆ ಬಾ."

ನಾಳೆ ಎಂದರೆ ಮತ್ತೆ ಉಪವಾಸ, ಮತ್ತೆ ಆ ಔಷಧಿ. ಹಾಲಮ್ಮ ಕೈಮುಗಿದಳು.

"ಹೋಗ್ರಿ ಯಜಮಾನ್ರೇ. ನಿಮ್ಮ ಕಾಲೇಜಿನ ಹುಡುಗ್ರಿಗೂ ಖುಷಿ ಆಗುತ್ತೆ."

"ಹುಡುಗ್ರು ಯಾಕೆ?"

"ಮೊದಲನೇ ಪೇಷೆಂಟು ಅವರ ಪಾಠಕ್ಕಂತೆ. ಹಿಂದಿನಿಂದ ಕ್ಯಾಮೆರಾ ಪೈಪು ಬಿಟ್ಟು, ದೊಡ್ಡಕರುಳು ಪೂರ್ತಿ ಟೀವೀಲಿ ತೋರಿಸ್ತಾರೆ. ಅದಕ್ಕೇ ಕೊಲೊನೋಸ್ಕೋಪಿ ಅನ್ನೋದು. ಇಷ್ಟು ದಿನ ನಿಮ್ಮ ಭಾಷಣ ಕೇಳಿದಾರೆ, ಇನ್ನೊಂದು ತುದೀನೂ ನೋಡ್ಲಿ ಬಿಡ್ರಿ."

ಅಧ್ಯಕ್ಷರ ಕೈ ತಾನಾಗಿ ಪಂಚೆಯ ಹಿಂಭಾಗ ಹಿಡಿಯಿತು. ನರ್ಸು ಬಾಗಿಲು ತೆರೆದು, "ಮೊದಲು ಯಾರು?" ಎಂದಳು.

"ಈ ತಾಯಿ! ಹೆಣ್ಣುಮಕ್ಕಳಿಗೆ ಮೊದಲ ಮರ್ಯಾದೆ!"

ಎಲ್ಲ ಮುಗಿದು, ಮಂಪರು ಇಳಿದು ಹಾಲಮ್ಮ ಹೊರಬಂದಾಗ ಅಧ್ಯಕ್ಷರು ಪಿಸುಗುಟ್ಟಿದರು: "ಹುಡುಗ್ರೆಲ್ಲ ನೋಡಿದ್ರಾ?"

"ಇಲ್ರೀ. ಅಧ್ಯಕ್ಷರು ಬಂದಿದಾರೆ ಅಂದೆ. ನಿಮಗೇ ಕಾಯ್ತಿದಾರೆ."

ಅವತ್ತು ಅಧ್ಯಕ್ಷರು, "ನೀವು ಹೋಗಿ, ನೀವು ಹೋಗಿ" ಎನ್ನುತ್ತ ಬಂದವರಿಗೆಲ್ಲ ದಾರಿ ಬಿಟ್ಟರಂತೆ. ಕಾಲೇಜಿಗೋ ಅಂದು ರಜೆ. ರಜೆ ಕೊಟ್ಟಿದ್ದೂ ಅವರೇ. ಗಾಬರಿಯಲ್ಲಿ ಅದು ನೆನಪಾಗಲಿಲ್ಲ.

ಆಸ್ಪತ್ರೆಯಲ್ಲಿ ಯಾರಾದರೂ ನಿಮ್ಮನ್ನು ದಾಟಿ ನುಗ್ಗಿದರೆ, ಅವರ ಕಿವಿಗೂ ಬೀಳುವ ಹಾಗೆ ಇದನ್ನು ಪಕ್ಕದವರಿಗೆ ಹೇಳಿ.