ಕುಂಕುಮದಡಿಯ ಕಣ್ಣು

ಬಾಗಿಲು ಮುಂದಕ್ಕೆಳೆದು ಹತ್ತಿರ ಬಾ ತಾಯಿ, ಇದು ಜೋರಾಗಿ ಹೇಳೋ ಮಾತಲ್ಲ. ಕಟ್ಟಿಕೊಂಡ ಗಂಡನಿಗೂ ಹೇಳಕೂಡದು, ಆಯ್ತಾ? ಹಾಸುಗಲ್ಲು ಬೆಟ್ಟದ ದೊರೆ ಹೀಗೆ ಡಂಗುರ ಹೊಡೆಸಿದ: "ಕೇಳಿರಪ್ಪೋ ಕೇಳಿ! ಮಗಳು ಮುದ್ದಾಜಮ್ಮಣ್ಣಿಯ ಮೂರು ಒಗಟು ಬಿಡಿಸಿದವನಿಗೆ ಅವಳನ್ನು ಕೊಟ್ಟು ಮದುವೆ. ತಪ್ಪು ಹೇಳಿದವನ ತಲೆ ಹುಣ್ಣಿಮೆಗೆ ಹಾರುತ್ತೆ!"

ಒಗಟು ಮಗಳದು, ತಲೆ ಹಾರಿಸೋ ಮಾತು ಮಾತ್ರ ಅಪ್ಪನದು. ಅದು ಅವಳಿಗೂ ಗೊತ್ತಾದದ್ದು ಡಂಗುರದಿಂದಲೇ. ಅತ್ತಳು, ಕಾಲು ಹಿಡಿದಳು. ದೊರೆ ಜಗ್ಗಲಿಲ್ಲ.

ಆ ಅರಮನೆಯ ದೇವರಮನೆಯಲ್ಲಿ ಅಂಗೈಯಗಲದ ಒಂದು ಕಲ್ಲಿತ್ತು. ಹಿಂದೆ ಯಾವಾಗಲೋ ಬೆಟ್ಟದ ನೆತ್ತಿಯಲ್ಲಿ ಹಾಸುಗಲ್ಲು ಸೀಳುವಾಗ ಸಿಕ್ಕಿದ್ದು. ಮೇಲೆ ಗೆರೆಗಳನ್ನು ಕಂಡವರು ಅಮ್ಮನ ಪಾದ ಅಂದರು. ಅಂದಿನಿಂದ ಎಣ್ಣೆ, ಕುಂಕುಮ ಮೆತ್ತಿದ್ದೇ ಮೆತ್ತಿದ್ದು. ತೊಳೆಯುವ ಹಾಗಿಲ್ಲ, ಮುಟ್ಟುವ ಹಾಗಿಲ್ಲ. ಈ ಹುಡುಗಿ ಕದ್ದು ಹೋಗಿ ಉಗುರಲ್ಲಿ ಕೆರೆದಳು ನೋಡು! ಪಾದವೂ ಅಲ್ಲ, ಗೀದವೂ ಅಲ್ಲ. ಬೆನ್ನ ತುಂಬ ಪಟ್ಟೆ, ತಲೆಯ ಎರಡು ಬದಿಗೂ ಕಣ್ಣು. ಕಲ್ಲಾಗಿಹೋದ ಯಾವುದೋ ಜೀವ! ಅವಳು ಮನಸೋತು ಕೂತುಬಿಟ್ಟಳು. ಪೂಜಾರಿ ಕಂಡು, "ಅಪಚಾರ!" ಅಂತ ಬೊಬ್ಬೆ ಹಾಕಿ ಮತ್ತೆ ಕುಂಕುಮ ಮೆತ್ತಿದ. ಇದನ್ನು ನನ್ನ ಹಾಗೆ ನೋಡುವವನನ್ನೇ ಕಟ್ಟಿಕೊಳ್ಳೋದು ಅಂತ ಅವಳಿಗೆ ಹಟ ಬಂದದ್ದು, ಆ ಮೂರು ಒಗಟು ಕಟ್ಟಿದ್ದು ಆಗಲೇ.

ಮೊದಲು ಬಂದವನು ಕೆಮ್ಮಣ್ಣು ಸೀಮೆಯ ಅರಸುಮಗ. ಮನೆಯಲ್ಲಿ ಇಬ್ಬರು ಹೆಂಡಿರನ್ನು ಬಚ್ಚಿಟ್ಟು ಬಂದಿದ್ದ, ಕಳ್ಳ!

ಮುದ್ದಾಜಮ್ಮಣ್ಣಿ ಕೇಳಿದಳು: "ಹುಟ್ಟಿದ್ದು ಕಡಲ ತಳದಲ್ಲಿ, ಸಿಕ್ಕಿದ್ದು ಬೆಟ್ಟದ ನೆತ್ತಿಯಲ್ಲಿ. ನಡೆದು ಬರಲಿಲ್ಲ, ಯಾರೂ ಹೊತ್ತು ತರಲಿಲ್ಲ. ಹೇಗೆ? ಇನ್ನೊಂದು: ಇದ್ದದ್ದು ಒಂದೇ ಜೀವ, ಬಿಟ್ಟುಹೋದದ್ದು ಹತ್ತಾರು ಹೆಣ. ಹೇಗೆ? ಕೊನೆಯದು: ಬದುಕಿದ್ದಾಗಲೇ ಕಣ್ಣು ಕಲ್ಲು, ಆದರೂ ಕುರುಡಲ್ಲ. ಯಾರದು?"

"ಮೋಡ!" ಅಂದ ಮೀಸೆ ತಿರುವಿ.

"ಮೋಡಕ್ಕೆ ಕಣ್ಣೆಲ್ಲಿದೆ ಸ್ವಾಮಿ?" ಅಂದಳು. ಕೈಗೆ ಕೋಳ ಬಿತ್ತು.

ಆಮೇಲೆ ಮಂತ್ರಿಯ ಮಗ ಕಣ್ಣು ಮುಚ್ಚಿ, "ಎಲ್ಲಕ್ಕೂ ಉತ್ತರ ಪರಮಾತ್ಮ" ಅಂದ.

"ಪರಮಾತ್ಮ ಹೆಣ ಬಿಟ್ಟು ಹೋಗ್ತಾನಾ?"

ಅವನಿಗೂ ಕೋಳ.

ಮೂರನೆಯವನು ಜವರ, ಹೊಳೆಯಲ್ಲಿ ಏಡಿ ಹಿಡಿಯುವವನು. ಅರಮನೆಯವರು ಏಡಿ ಮುಟ್ಟೋದಿಲ್ಲ ಅಂತ ಊರಿಗೆಲ್ಲ ಹೇಳುತ್ತಿದ್ದರಲ್ಲ, ಹಿತ್ತಲ ಬಾಗಿಲಿಗೆ ಕುಕ್ಕೆ ತಂದಿಡುತ್ತಿದ್ದವನು ಇವನೇ!

"ಹೋಗಯ್ಯಾ, ಸಾಯಬೇಡ," ಅಂತ ಪಿಸುಗುಟ್ಟಿದಳು ಮುದ್ದಾಜಮ್ಮಣ್ಣಿ.

"ಒಗಟು ಕೇಳಿದಾಗಿಂದ ನಿದ್ದೆ ಇಲ್ಲ, ಅಮ್ಮಣ್ಣಿಯವರೇ. ಅವು ಹೆಣವಲ್ಲ, ಬಿಚ್ಚಿಟ್ಟ ಅಂಗಿ. ಏಡಿಯೂ ಬೆಳೀತಾ ಬೆಳೀತಾ ಹಳೇ ಚಿಪ್ಪು ಕಳಚಿ ಹೋಗುತ್ತೆ, ಕಂಡವರು ಸತ್ತಿದೆ ಅಂತಾರೆ. ನಿಮ್ಮ ಒಗಟಿನ ಜೀವ ಏಡಿಯ ದೂರದ ಬಳಗ. ಇನ್ನು ಬೆಟ್ಟದ ಮಾತು. ಆ ಬೆಟ್ಟದಿಂದಲೇ ತಂದ ನಿಮ್ಮ ಮೆಟ್ಟಿಲಿನ ಕಲ್ಲಲ್ಲಿ ಅಲೆಯ ಗುರುತಿದೆ, ನಮ್ಮ ಹೊಳೆಯ ಮರಳಲ್ಲಿ ಇರೋ ಹಾಗೇ. ಅದು ಬೆಟ್ಟ ಹತ್ತಲಿಲ್ಲ. ಕಡಲ ತಳವೇ ಬೆಟ್ಟವಾಗಿ ಎದ್ದಿತು."

ಅವಳು ಒಂದು ಹೆಜ್ಜೆ ಮುಂದೆ ಬಂದಳು. "ಕಣ್ಣು?"

"ಗೊತ್ತಿಲ್ಲ. ಬೆಟ್ಟದಲ್ಲಿ ಸಿಕ್ಕ ಕಲ್ಲು ನಿಮ್ಮ ದೇವರಮನೇಲೇ ಇದೆಯಲ್ಲ, ಒಂದ್ಸಲ ನೋಡಲಾ?"

ದೇವರಮನೆಯ ಬಾಗಿಲು ತೆಗೆಸಿದಳು. ಎಲ್ಲರೂ ನಿಂತು ಕೈಮುಗಿದರೆ ಜವರ ಹೊಟ್ಟೆ ಅಡಿ ಮಾಡಿ ಮಲಗಿ, ಕಲ್ಲಿನ ಮುಖಕ್ಕೆ ಮುಖ ಕೊಟ್ಟು ನೋಡಿದ. ಹೆಗಲ ಬಟ್ಟೆಯ ತುದಿ ಒದ್ದೆ ಮಾಡಿಕೊಂಡ.

"ಮುಟ್ಟಿದರೆ ಕೈ ಕತ್ತರಿಸಿ ಬುದ್ಧಿ!" ಅಂತ ಪೂಜಾರಿ ಪಕ್ಕದಲ್ಲಿದ್ದ ದೊರೆಗೆ ಕಿರುಚಿ ಹೇಳಿದ.

ಜವರ ಒರೆಸಿಯೇಬಿಟ್ಟ. ಕುಂಕುಮ ಬಿಟ್ಟುಕೊಂಡಿತು. ಜೇನುಹಟ್ಟಿಯ ಹಾಗೆ ಸಾಲುಸಾಲಾಗಿ ಮಿನುಗುವ ಕಣ್ಣು.

"ಅಬ್ಬಬ್ಬಾ, ಎಂಥಾ ಚೆಲುವನಯ್ಯಾ ನೀನು!" ಅಂದ, ಕಲ್ಲಿಗೆ. ಆಮೇಲೆ ತಿರುಗಿ, "ಏಡಿ ಸತ್ತರೆ ಕಣ್ಣು ಬಲುಬೇಗ ಕೊಳೆತುಹೋಗುತ್ತೆ. ಇದರದು ಚಿಪ್ಪಿನಷ್ಟೇ ಗಟ್ಟಿಯಾಗಿ ಉಳಿದಿದೆ. ಬದುಕಿದ್ದಾಗಲೇ ತಿಳಿಗಲ್ಲಿನ ಕಣ್ಣು, ಅಮ್ಮಣ್ಣಿ. ಅದರಲ್ಲೇ ಕಡಲು ನೋಡಿದೆ."

"ಅಮ್ಮನ ಪಾದವನ್ನ ಹುಳ ಮಾಡಿದೆಯೇನೋ?" ದೊರೆ ಕತ್ತಿಗೆ ಕೈ ಹಾಕಿದ.

ಮುದ್ದಾಜಮ್ಮಣ್ಣಿ ಅಡ್ಡ ನಿಂತು ತನ್ನ ಕೈಯನ್ನೂ ಕಲ್ಲಿನ ಮೇಲಿಟ್ಟಳು. "ಮೊದಲು ಕೆರೆದವಳು ನಾನು. ನನ್ನ ತಲೆ ಮೊದಲು ತೆಗೀರಿ. ಇಲ್ಲಾ, ಬಗ್ಗಿ ನೋಡಿ."

ದೊರೆ ಹಲ್ಲು ಕಡಿದ. ಆಮೇಲೆ ಬಗ್ಗಿದ. ಬಗ್ಗಿದವನು ಬಹಳ ಹೊತ್ತು ಏಳಲೇ ಇಲ್ಲ. "ನಮ್ಮ ವಂಶವೆಲ್ಲ ನಿನ್ನೆ ಮೊನ್ನೆಯದು ಕಣೋ ಇದರ ಮುಂದೆ," ಅಂತ ಜವರನ ಬೆನ್ನು ತಟ್ಟಿ ಮಗಳನ್ನೂ ಬೆಟ್ಟವನ್ನೂ ಕೊಟ್ಟ. ಜವರ ಕೇಳಿಕೊಂಡದ್ದಕ್ಕೆ ಆ ಇಬ್ಬರ ಕೋಳವನ್ನೂ ಬಿಚ್ಚಿಸಿದ.

ಮದುವೆಯಾಗಿ ಅವಳು ಹೊಳೆಯ ಬೀದಿಗೆ ಬಂದಳು, ಕಲ್ಲನ್ನೂ ತಂದು ಜಗುಲಿಯಲ್ಲಿಟ್ಟಳು. ಬೀದಿಯವರೆಲ್ಲ ಬೆನ್ನ ಹಿಂದೆ ಆಡಿಕೊಂಡರು. ಪಕ್ಕದ ಮನೆಯ ಪುಟ್ಟಗಿಡ್ಡಮ್ಮ ಮಾತ್ರ ಕುಂಕುಮದ ಬಟ್ಟಲು ಹಿಡಿದು ಬಂದು ಅವಳ ಮುಖಕ್ಕೇ ಅಂದಳು:

"ನನಗೆ ಮಗ ಹುಟ್ಟಿದ್ದು ಇದಕ್ಕೆ ಹರಕೆ ಹೊತ್ತ ಮೇಲೆ ಕಣಮ್ಮಣ್ಣಿ. ಹುಳವಾದರೆ ಹುಳವೇ ಆಗಲಿ, ನಾನು ಕುಂಕುಮ ಇಡೋದು ಬಿಡಲ್ಲ. ಕಣ್ಣಿನ ಮೇಲೆ ಮಾತ್ರ ಇಡಲ್ಲ, ಹೋಗು."