ತಮ್ಮನಿಗೆ ಹೇಳದ ಅಳತೆ

ಧಾರವಾಡದಲ್ಲಿ ಕುಂದರಗಿಯವರ ಮನೆ ಎಂದರೆ ಸಾಕು. ಟಾಂಗಾದವರ ಕಾಲದಿಂದ ಇಂದಿನ ರಿಕ್ಷಾದವರವರೆಗೆ ಯಾರೂ ಎರಡನೆಯ ಪ್ರಶ್ನೆ ಕೇಳಿದ್ದಿಲ್ಲ. ನನ್ನ ಅಜ್ಜ ಮುಂಬಯಿ ಸರಕಾರದ ಕಾಲದಲ್ಲಿ ಮುನಸೀಫರಾಗಿದ್ದರು. ತಂದೆ ವೈದ್ಯರು. ನಮ್ಮ ಮನೆಯ ಹೆಣ್ಣುಮಕ್ಕಳು ನಾಲ್ಕು ತಲೆಮಾರಿನಿಂದ ಶಾಲೆ ಕಲಿತವರು. ನನ್ನನ್ನು ಕಾನ್ವೆಂಟಿಗೆ ಹಾಕಿದ್ದರು. ಅಲ್ಲಿಯ ಸಿಸ್ಟರುಗಳು ಸೂಜಿ ಹಿಡಿಯುವುದನ್ನೂ ಬೆನ್ನು ನೇರ ಇಟ್ಟು ಕೂರುವುದನ್ನೂ ಒಟ್ಟಿಗೇ ಕಲಿಸಿದರು. ಈ ಮನೆಯವರು ಯಾರಿಗಾದರೂ ಮೋಸ ಮಾಡಿದರೆಂದು ಊರಿನಲ್ಲಿ ಹೇಳಿದವರಿಲ್ಲ. ಇದನ್ನು ಮೊದಲೇ ಹೇಳುವುದಕ್ಕೆ ಕಾರಣವಿದೆ. ನಾನು ನಡೆಸುವ ಕಸೂತಿ ತರಗತಿಯಲ್ಲಿ, ಇದೇ ಸೂರಿನ ಕೆಳಗೆ, ಒಂದು ಪ್ರಶ್ನೆ ಬಂತು.

ಕೇಳಿದವಳು ಪ್ರಮೋದಿನಿ. ನನ್ನ ಶಿಷ್ಯೆಯರಲ್ಲಿ ಹಿರಿಯಳು. ಹೊಸದಾಗಿ ಬರುವ ಹುಡುಗಿಯರಿಗೆ ಅವಳೇ ಹೊಲಿಗೆ ಹಾಕಿಸುತ್ತಾಳೆ. ಎಲ್ಲರೂ ಹೋದ ಮೇಲೆ ಅವಳು ಎದ್ದು ನಿಂತು ಕೇಳಿದಳು:

"ಅಕ್ಕೋರ, ಒಬ್ಬರ ಒಳ್ಳೇದಕ್ಕಂತ ಅವರಿಗೆ ಹೇಳದ ಒಂದು ಕೆಲಸ ಮಾಡಿ, ಅದರಿಂದ ಅವರಿಗೆ ಒಳ್ಳೇದೂ ಆಗಿದ್ರ, ಅದು ತಪ್ಪೇನ್ರಿ?"

"ಯಾರ ಒಳ್ಳೆಯದಕ್ಕೆ? ಏನು ಮಾಡಿದೆ? ನೇರವಾಗಿ ಹೇಳು."

ಅವಳು ಹೇಳಿದಳು. ಶಾಂಭವಿ ಎಂಬ ಹುಡುಗಿ ಒಂದು ಸೀರೆಯ ಸೆರಗಿಗೆ ಕಸೂತಿ ಹಾಕುತ್ತಿದ್ದಳು. ಅವಳ ಎಳೆ ಓರೆಯಾಗುತ್ತಿತ್ತು. ಶಾಂಭವಿ ಮನೆಗೆ ಹೋದ ಮೇಲೆ ಪ್ರಮೋದಿನಿ ಆ ಓರೆ ಎಳೆಗಳನ್ನು ಬಿಚ್ಚಿ ತಾನೇ ಹೊಲಿದಿಡುತ್ತಿದ್ದಳು. ಆ ಸೆರಗಿಗೆ ಪ್ರದರ್ಶನದಲ್ಲಿ ಮೊದಲನೆಯ ಬಹುಮಾನ ಬಂತು. ಅದನ್ನು ಕಂಡು ಬೆಳಗಾವಿಯ ತರಬೇತಿ ಕೇಂದ್ರವೊಂದು ಶಾಂಭವಿಯನ್ನು ಶಿಕ್ಷಕಿಯ ಕೆಲಸಕ್ಕೆ ಕರೆದಿದೆ. ಸೋಮವಾರ ಅವಳು ಪರೀಕ್ಷಕರ ಎದುರಿಗೆ ಕುಳಿತು ಹೊಲಿದು ತೋರಿಸಬೇಕು.

"ಈಗ ಆಕಿಗೆ ಹೇಳಬೇಕೇನ್ರಿ? ಹೇಳಿದ್ರ ಆಕಿ ಧೈರ್ಯ ಕೆಡತೈತ್ರಿ."

ನಾನು ಅವಳಿಗೆ ಕುಳಿತುಕೋ ಎಂದೆ. ಆಮೇಲೆ ಇದನ್ನು ಹೇಳಿದೆ.

ನಮ್ಮ ಮನೆಯ ಮುಂದಿನ ಎರಡು ಕೋಣೆಗಳನ್ನು ಹಿಂದೆ ಇಬ್ಬರು ಸೋದರರಲ್ಲಿ ಅಣ್ಣನಾದವನು ಬಾಡಿಗೆಗೆ ಹಿಡಿದಿದ್ದ. ಅಲ್ಲಿ ಕಂಪ್ಯೂಟರುಗಳನ್ನಿಟ್ಟು ಬಂದೂಕಿನ ಆಟ ಆಡಿಸುತ್ತಿದ್ದ. ನನಗೆ ಆ ಆಟ ಒಪ್ಪಿಗೆಯಿಲ್ಲ. ಕೆಟ್ಟ ಮಾತು ಆಡಬಾರದು, ಚಪ್ಪಲಿ ಹೊರಗೆ ಸಾಲಾಗಿ ಇರಬೇಕು ಎಂಬ ಷರತ್ತಿನ ಮೇಲೆ ಕೋಣೆ ಕೊಟ್ಟಿದ್ದೆ. ಷರತ್ತು ನಡೆಯುತ್ತಿದೆಯೇ ಎಂದು ನೋಡಲು ದಿನವೂ ಹೋಗುತ್ತಿದ್ದೆ. ಹಾಗೆ ಆ ಆಟದ ರೀತಿ ನನಗೆ ತಿಳಿಯಿತು. ಮುಂದಿನ ಕತೆಯನ್ನು ಆ ಅಣ್ಣನೇ ಎಷ್ಟೋ ವರ್ಷಗಳ ಮೇಲೆ ನನ್ನೆದುರು ಕುಳಿತು ಹೇಳಿದ.

ಅಣ್ಣನಿಗೆ ಒಬ್ಬ ತಮ್ಮ. ಇಬ್ಬರೂ ಜೋಡಿಯಾಗಿ ಆಡುತ್ತಿದ್ದರು. ಆ ಆಟದಲ್ಲಿ ಮೌಸನ್ನು ಸರಿಸಿದಂತೆ ಗುರಿ ತಿರುಗುತ್ತದೆ. ಕೈ ಇಷ್ಟು ಸರಿದರೆ ಗುರಿ ಎಷ್ಟು ತಿರುಗಬೇಕು ಎಂಬುದಕ್ಕೆ ಒಂದು ಅಳತೆ ಇರುತ್ತದೆ. ಅದನ್ನು ಸೆನ್ಸಿಟಿವಿಟಿ ಎನ್ನುತ್ತಾರೆ. ಅಳತೆ ಹೆಚ್ಚಿದ್ದರೆ ಮಣಿಕಟ್ಟು ಅಲುಗಿದರೆ ಸಾಕು, ಗುರಿ ಹಾರಿಹೋಗುತ್ತದೆ. ಕಡಿಮೆಯಿದ್ದರೆ ಇಡೀ ತೋಳನ್ನು ಎಳೆಯಬೇಕು, ಆದರೆ ಗುರಿ ಇಟ್ಟಲ್ಲಿ ನಿಲ್ಲುತ್ತದೆ.

ತಮ್ಮನ ಅಳತೆ ಹೆಚ್ಚಾಗಿತ್ತು. ಅವನು ಮಿಂಚಿನಂತೆ ತಿರುಗುತ್ತಿದ್ದ, ಎದುರಾಳಿಯನ್ನು ದಾಟಿ ಗೋಡೆಗೆ ಹೊಡೆಯುತ್ತಿದ್ದ. ಕೋಣೆಯಲ್ಲಿದ್ದ ಹುಡುಗರು ನಗುತ್ತಿದ್ದರು.

"ಲೇ, ಬಾಲಕ್ಕ ಬೆಂಕಿ ಹತ್ತಿದ ಬೆಕ್ಕಿನಂಗ ಆಡತಿ," ಎಂದ ಅಣ್ಣ. "ಸ್ವಲ್ಪ ಕಡಿಮಿ ಮಾಡ್ಕೋ."

"ನೀ ಎಮ್ಮಿ ಹಂಗ ನಿಧಾನ ತಿರಗತಿ, ಅದನ್ನ ಯಾರೂ ಕೇಳಂಗಿಲ್ಲ. ನನ್ನ ಕೈ ನನಗ ಗೊತ್ತೈತಿ, ಬಿಡೋ ಅಣ್ಣಾ."

ಅಣ್ಣ ಮತ್ತೆ ಹೇಳಲಿಲ್ಲ. ಆದರೆ ಬಿಡಲೂ ಇಲ್ಲ.

ಆ ಅಳತೆ ಎರಡು ಕಡೆ ಇರುತ್ತದೆ. ಒಂದು ಅಂಕಿ ಆಟದೊಳಗೆ ಕಣ್ಣಿಗೆ ಕಾಣುವಂತೆ ಇರುತ್ತದೆ. ಇನ್ನೊಂದು ಮೌಸಿನದು, ಅದನ್ನು ಬೇರೆ ಕಡೆ ತೆರೆದು ನೋಡಬೇಕು. ಎರಡೂ ಕೂಡಿದರೆ ಕೈಗೆ ಸಿಗುವ ವೇಗ. ತಮ್ಮನ ಮೌಸಿನ ಅಂಕಿ ಎಂಟುನೂರು. ಒಂದು ದಿನ ತಮ್ಮ ಚಹಾಕ್ಕೆ ಹೋದಾಗ ಅಣ್ಣ ಮೌಸಿನ ಅಂಕಿಯನ್ನು ಒಂದು ಕೂದಲೆಳೆಯಷ್ಟು ಇಳಿಸಿದ. ಆಟದೊಳಗಿನ ಅಂಕಿಯನ್ನು ಮುಟ್ಟಲಿಲ್ಲ. ಕೆಲವು ದಿನ ಬಿಟ್ಟು ಮತ್ತೆ ಅಷ್ಟೇ ಇಳಿಸಿದ. ಹೀಗೆ ಇಳಿಸುತ್ತ ಹೋದ.

ಕುಳಿತ ಕೂಡಲೇ ಆಟದ ಗೋಡೆಯೊಂದರ ಮುಂದೆ ನಿಂತು, ಮೌಸನ್ನು ಅದರ ಕೆಳಗೆ ಹಾಸಿದ ಚಿಕ್ಕ ಚಾಪೆಯ ಈ ಅಂಚಿನಿಂದ ಆ ಅಂಚಿಗೆ ಎಳೆದು, ಒಂದು ಪೂರ್ತಿ ಸುತ್ತು ಸರಿಯಾಗಿ ಬರುತ್ತದೆಯೇ ಎಂದು ನೋಡುವುದು ಆಟಗಾರರ ಪದ್ಧತಿ. ತಮ್ಮನಿಗೆ ಅದರ ಅಗತ್ಯ ಕಾಣುತ್ತಿರಲಿಲ್ಲ. ದಿನವೂ ಬೆಳಿಗ್ಗೆ ಅವನ ಯಂತ್ರವನ್ನು ಒರೆಸಿ ಸಿದ್ಧಮಾಡಿ ಇಡುತ್ತಿದ್ದವನು ಅಣ್ಣ. ಅಣ್ಣ ಇಟ್ಟದ್ದನ್ನು ತಮ್ಮ ಪರೀಕ್ಷೆ ಮಾಡುತ್ತಿರಲಿಲ್ಲ.

ಒಂದೆರಡು ಸಲ ಮಾತ್ರ ಅವನು, "ಇವತ್ತ ಕೈ ಯಾಕೋ ಜಡ ಐತಿ," ಎಂದ.

"ನಿದ್ದಿ ಸಾಲದು ನಿನಗ," ಎಂದ ಅಣ್ಣ.

ತಮ್ಮ ಹೆಚ್ಚು ಹೊತ್ತು ಮಲಗತೊಡಗಿದ. ಅವನಿಗೆ ತಿಳಿಯದೆಯೇ ಮಣಿಕಟ್ಟಿನ ಆಟ ತೋಳಿಗೆ ಬಂತು. ಗುರಿ ನಿಲ್ಲತೊಡಗಿತು. ಹುಬ್ಬಳ್ಳಿಯಲ್ಲಿ ನಡೆದ ಪಂದ್ಯಕ್ಕೆ ಇಲ್ಲಿಯ ಯಂತ್ರಗಳನ್ನೇ ಒಯ್ದು ಅಣ್ಣ ಜೋಡಿಸಿಟ್ಟ. ಅಲ್ಲಿ ಜೋಡಿ ಗೆದ್ದಿತು. ಗೆಲ್ಲಿಸಿದ್ದು ತಮ್ಮನ ಗುರಿ ಎಂದು ಎಲ್ಲರೂ ಹೇಳಿದರು. ಅವನು ಆಟದ ಕೋಣೆಗೆ ಬಂದು ಅಣ್ಣನ ಮುಂದೆ ಕೈ ಚಾಚಿ ಹಿಡಿದ.

"ನೋಡು. ಅಳತಿ ಬದಲ ಮಾಡು ಅಂತಿದ್ದಿ. ಅದ ಅಳತಿ, ಅದ ಕೈ. ಎಷ್ಟು ಚಂದ ನಿಂತೈತಿ ನೋಡು."

ಅಣ್ಣ ನಕ್ಕ. ತನ್ನ ಎಣಿಕೆ ಸರಿಯಾಯಿತೆಂಬ ಸಂತೋಷ ಅವನಿಗಿತ್ತು. ಹೇಳಬೇಕೆಂದು ಆಗ ಅವನಿಗೆ ಅನಿಸಲೂ ಇಲ್ಲ. ಆ ಹೊತ್ತಿಗೆ ಮೌಸಿನ ಅಂಕಿ ಐನೂರರ ಹತ್ತಿರ ಇಳಿದಿತ್ತು.

ಪಂದ್ಯವನ್ನು ಕಂಡ ದೊಡ್ಡ ತಂಡವೊಂದು ತಮ್ಮನನ್ನು ಪುಣೆಗೆ ಕರೆಯಿತು. ಅಲ್ಲಿ ಪರೀಕ್ಷೆ. ಆಯ್ಕೆಯಾದರೆ ಸಂಬಳ, ವಸತಿ, ಆಟವೇ ವೃತ್ತಿ. ಅವನಿಗೆ ಬೇರೆ ಯಾವ ಕನಸೂ ಇರಲಿಲ್ಲ. ಅವರ ತಾಯಿಯೂ ಒಪ್ಪಿದಳು. ಮೌಸ್, ಕಂಪ್ಯೂಟರು ಎಲ್ಲ ಅಲ್ಲಿಯವೇ. ಆಟಗಾರ ತನ್ನ ಅಂಕಿಗಳನ್ನು ಮಾತ್ರ ತಿಳಿದಿದ್ದರೆ ಸಾಕು.

ರೈಲು ಹತ್ತುವಾಗ ತಮ್ಮ ಕೇಳಿದ, "ಏನರ ಹೇಳೂದೈತೇನು?"

ಇತ್ತು. ಅಣ್ಣನ ಬಾಯಿಯವರೆಗೆ ಬಂತು. ಈಗ ಹೇಳಿದರೆ ಇವನ ಧೈರ್ಯ ಕೆಡುತ್ತದೆ ಎಂದುಕೊಂಡ. "ಊಟಾ ಸರಿಯಾಗಿ ಮಾಡು," ಎಂದ.

ಪುಣೆಯಲ್ಲಿ ತಮ್ಮ ಕುಳಿತು ತನ್ನ ಅಂಕಿಗಳನ್ನು ಹಾಕಿದ. ಮೌಸಿಗೆ ಎಂಟುನೂರು, ಆಟದೊಳಗೆ ಎಂದಿನದು. ಯಂತ್ರ ಹೊಸದಾದ್ದರಿಂದ ಗೋಡೆಯ ಮುಂದೆ ನಿಂತು ಒಂದು ಸುತ್ತು ತಿರುಗಿದ. ಸುತ್ತು ಮುಗಿಯಿತು, ನಿಲ್ಲಲಿಲ್ಲ. ಮತ್ತೆ ಅರ್ಧ ಸುತ್ತು ಹೋಯಿತು. ಅವನು ಅಂಕಿಗಳನ್ನು ನೋಡಿದ. ಸರಿಯಾಗಿದ್ದವು. ಇನ್ನೊಮ್ಮೆ ನೋಡಿದ. ಸರಿಯಾಗಿಯೇ ಇದ್ದವು. ಮೊದಲನೆಯ ಸುತ್ತಿನ ಆಟದಲ್ಲಿ ಅವನ ಗುರಿ ಪ್ರತಿಯೊಬ್ಬ ಎದುರಾಳಿಯನ್ನೂ ದಾಟಿ ಆಚೆ ಹೋಯಿತು.

ವಿರಾಮದಲ್ಲಿ ಅವನು ಅಣ್ಣನಿಗೆ ಫೋನ್ ಮಾಡಿದ.

"ಅಣ್ಣಾ, ನನ್ನ ಮೌಸ್ ಎಂಟುನೂರ ಅಲ್ಲೇನು?"

ಆ ಹೊತ್ತು ನಮ್ಮ ಮುಂದಿನ ಕೋಣೆ ಹುಡುಗರಿಂದ ತುಂಬಿತ್ತು. ಪುಣೆಯ ಸುದ್ದಿ ಕೇಳಲು ಎಲ್ಲರೂ ಅಣ್ಣನ ಸುತ್ತ ನಿಂತಿದ್ದರು. ಒಂದು ಅಂಕಿ ಹೇಳಿದ್ದರೆ ಸಾಕಿತ್ತು. ತಮ್ಮ ಅದನ್ನು ಹಾಕುತ್ತಿದ್ದ, ಕೈ ತಿರುಗಿ ಅವನದಾಗುತ್ತಿತ್ತು. ಆದರೆ ಆ ಅಂಕಿ ಹೇಳಿದರೆ ಅದು ಹೇಗೆ ಬಂತು ಎಂಬುದನ್ನೂ ಹೇಳಬೇಕು. ಅಷ್ಟು ಜನರ ಎದುರಿಗೆ.

"ಹೌದು, ಎಂಟುನೂರ," ಎಂದ ಅಣ್ಣ. "ಗಾಬರಿ ಆಗಬ್ಯಾಡ. ಕೈ ಸಡಿಲ ಬಿಡು."

ತಮ್ಮ ಕೈ ಸಡಿಲ ಬಿಟ್ಟ. ಅಂಕಿ ತಪ್ಪಲ್ಲವೆಂದ ಮೇಲೆ ತಪ್ಪಿದ್ದು ಕೈ ಎಂದು ತಿಳಿದ. ಮುಂದಿನ ಆಟದಲ್ಲಿ ಇನ್ನೂ ಕೆಟ್ಟದಾಗಿ ಸೋತ. ಮಧ್ಯಾಹ್ನಕ್ಕೆ ಅವನನ್ನು ಕಳಿಸಿಬಿಟ್ಟರು. ಮರ್ಯಾದೆಯಿಂದಲೇ ಕಳಿಸಿದರು. ಹುಬ್ಬಳ್ಳಿಯಲ್ಲಿ ಆಡಿದವನು ನೀನೇ ಹೌದೇ ಎಂದು ಒಬ್ಬ ಕೇಳಿದನಂತೆ, ಅಷ್ಟೇ.

ಅವನು ಊರಿಗೆ ಬಂದು ಅಣ್ಣನಿಗೆ ಹೇಳಿದ, "ನನ್ನ ಕೈ ನಮ್ಮ ಊರಾಗಷ್ಟ ಆಡತೈತಿ. ಹೊರಗ ನಡೆಯಂಗಿಲ್ಲ." ಆಮೇಲೆ ಊರಿನಲ್ಲೂ ಆಡಲಿಲ್ಲ. ಔಷಧದ ಅಂಗಡಿಯೊಂದರಲ್ಲಿ ಕೆಲಸಕ್ಕೆ ಸೇರಿದ. ಅಲ್ಲಿ ಮಾತ್ರೆ ಕೊಡುವ ಮೊದಲು ಪಕ್ಕದವನಿಗೆ ವೈದ್ಯರ ಚೀಟಿ ತೋರಿಸಿ, "ಇದ ಹೌದಲ್ಲ?" ಎಂದು ಕೇಳುತ್ತಿದ್ದ. ಎಲ್ಲ ಸಲವೂ ಅದೇ ಆಗಿರುತ್ತಿತ್ತು. ಮನೆಯಲ್ಲಿ ಗಾಡಿ ನಿಲ್ಲಿಸಿ ಒಳಗೆ ಬಂದವನು ಬೀಗ ಹಾಕಿದ್ದೇನೆಯೇ ಎಂದು ಮತ್ತೆ ಹೊರಗೆ ಹೋಗಿ ನೋಡುತ್ತಿದ್ದ. ಅಣ್ಣ ಇದನ್ನೆಲ್ಲ ನೋಡುತ್ತಿದ್ದ. ಪ್ರತಿ ಸಲ, ಇವತ್ತಲ್ಲ, ಹಬ್ಬ ಮುಗಿಯಲಿ ಎಂದುಕೊಳ್ಳುತ್ತಿದ್ದ. ಹಬ್ಬ ಮುಗಿಯುತ್ತಿತ್ತು. ತಮ್ಮನ ಮದುವೆಯೂ ಮುಗಿಯಿತು.

ಕೊನೆಗೆ ಅಣ್ಣ ಆಟದ ಕೋಣೆ ಮುಚ್ಚಿದ. ಸಾಮಾನು ಎತ್ತಲು ತಮ್ಮ ಬಂದಿದ್ದ. ಹಳೆಯ ಯಂತ್ರವನ್ನು ಕಂಡು ಅಣ್ಣನಿಗೆ ತಡೆಯಲಾಗಲಿಲ್ಲ. ಎಲ್ಲವನ್ನೂ ಹೇಳಿದ. ಮಣಿಕಟ್ಟಿಗೂ ತೋಳಿಗೂ ಇರುವ ವ್ಯತ್ಯಾಸ ಹೇಳಿದ. ಚಾಪೆ ಹಾಸಿ, ಮೌಸನ್ನು ಎಳೆದು, ಸ್ವಲ್ಪಸ್ವಲ್ಪವೇ ಹೇಗೆ ಇಳಿಸಿದೆ ಎಂದು ತೋರಿಸಿದ. ನೀನು ಕೇಳುತ್ತಿರಲಿಲ್ಲ, ಅದಕ್ಕೆ ಹಾಗೆ ಮಾಡಿದೆ ಎಂದ. ನಿನ್ನ ಒಳ್ಳೆಯದಕ್ಕೇ ಮಾಡಿದೆ ಎಂದ. ಅದರಿಂದಲೇ ಹುಬ್ಬಳ್ಳಿಯಲ್ಲಿ ಗೆದ್ದೆವು ಎಂದ. ಬಹಳ ಹೊತ್ತು ಹೇಳಿದ.

ತಮ್ಮ ಕೊನೆಯವರೆಗೆ ಕೇಳಿದ. ಆಮೇಲೆ, "ಹಂಗಾದ್ರ ಅವತ್ತ ಹುಬ್ಬಳ್ಳ್ಯಾಗ ಗೆದ್ದಾವ ಯಾರು?" ಎಂದ.

"ನೀನ ಗೆದ್ದಿ."

"ಹೌದೇನು?" ಎಂದ ತಮ್ಮ. ಬಗ್ಗಿ ಕಂಪ್ಯೂಟರನ್ನು ಎತ್ತಿಕೊಂಡು, "ಇದನ್ನ ಎಲ್ಲಿ ಇಡಲಿ?" ಎಂದು ಕೇಳಿದ.

ಅವರು ಜಗಳ ಆಡಲಿಲ್ಲ. ತಮ್ಮ ಇಂದಿಗೂ ಅಣ್ಣನ ಮನೆಗೆ ಬರುತ್ತಾನೆ, ಉಣ್ಣುತ್ತಾನೆ, ಮಕ್ಕಳನ್ನು ಮಾತಾಡಿಸುತ್ತಾನೆ. ಆದರೆ ಅಣ್ಣ ಏನನ್ನು ಕೊಟ್ಟರೂ, ಒಂದು ಪೆನ್ನು ಕೊಟ್ಟರೂ, ಹಿಂದೆ ಮುಂದೆ ತಿರುಗಿಸಿ ನೋಡಿಯೇ ತೆಗೆದುಕೊಳ್ಳುತ್ತಾನೆ. ಪುಣೆ ಅವನಿಂದ ಮೊದಲೇ ಹೋಗಿತ್ತು. ಆ ದಿನ ಹುಬ್ಬಳ್ಳಿಯೂ ಹೋಯಿತು.

ಇಷ್ಟನ್ನು ನನ್ನೆದುರು ಹೇಳಿ ಮುಗಿಸಿದ ಮೇಲೆ ಅಣ್ಣ ಕೇಳಿದ, "ಎಲ್ಲಾ ಹೇಳೇನ್ರಿ ಅವಗ. ಒಂದೂ ಮುಚ್ಚಿಟ್ಟಿಲ್ಲ. ಇನ್ನೇನ ಹೇಳಬೇಕಿತ್ರಿ ನಾ?" ಅವನು ನಿಜವಾಗಿಯೂ ಅರಿಯದೆ ಕೇಳಿದ್ದ. ನನಗೆ ಅವನ ಮೇಲೆ ಸಿಟ್ಟು ಬರಬೇಕಿತ್ತು. ಬರಲಿಲ್ಲ. ಆ ಕೋಣೆಯ ಮುಂದೆ ಈಗಲೂ ಹಾಯುವಾಗ, ಹುಬ್ಬಳ್ಳಿಯಿಂದ ಗೆದ್ದು ಬಂದು ಕೈ ಚಾಚಿ ನಿಂತ ಆ ಹುಡುಗನ ನೆನಪಾಗುತ್ತದೆ.

ನಾನು ಹೇಳುವುದನ್ನು ನಿಲ್ಲಿಸಿದೆ. ಪ್ರಮೋದಿನಿ ಕಣ್ಣೊರೆಸಿಕೊಂಡು ಎದ್ದಳು. ಸೆರಗು ಸರಿಮಾಡಿಕೊಂಡಳು.

"ಇವತ್ತ ಹೋಗಿ ಹೇಳತೀನ್ರಿ ಅಕ್ಕೋರ. ಯಾಕ ಹಂಗ ಮಾಡಿದೆ ಅಂತ ಎಲ್ಲಾ ಬಿಡಿಸಿ ಹೇಳತೀನಿ. ಆಕಿ ಮ್ಯಾಲ ನನಗ ಎಷ್ಟು ಪ್ರೀತಿ ಐತಿ, ಆಕಿ ಮುಂದ ಬರಲಿ ಅಂತ ಎಷ್ಟು..."

"ಮಾಡಿದ್ದನ್ನು ಹೇಳು, ಕಾರಣ ಹೇಳಬೇಡ, ಅವಳ ಕ್ಷಮೆ ಕೇಳು."